ಕೈ ಕೊಡುವ ಊರು

ವಾರಿಜಾ ಎಂಬ ಹೆಣ್ಣುಮಗಳು ನಮ್ಮೂರಿಗೆ ಬಂದದ್ದು ಶ್ರಾವಣದ ಎರಡನೆಯ ಸೋಮವಾರ, ಮಧ್ಯಾಹ್ನದ ಬಸ್ಸಿನಲ್ಲಿ. ಬೆನ್ನಿಗೆ ಒಂದು ಚೀಲ, ಕೈಯಲ್ಲಿ ಕ್ಯಾಮರಾದ ಪೆಟ್ಟಿಗೆ, ಬಗಲಲ್ಲಿ ಮೂರು ಕಾಲಿನ ಸ್ಟ್ಯಾಂಡು. ಹನ್ನೊಂದು ತಾಸು ಕುಳಿತು ಬಂದ ಸೊಂಟವನ್ನು ಒತ್ತಿಕೊಳ್ಳುತ್ತ ಬಸವಣ್ಣೆವ್ವನ ಖಾನಾವಳಿಗೆ ಹೋಗಿ ಕುಳಿತಳಂತೆ. ಬಸವಣ್ಣೆವ್ವ ತಾಟು ಇಡುತ್ತ, ಪರಸ್ಥಳದವರನ್ನು ನಮ್ಮೂರಿನಲ್ಲಿ ಎಲ್ಲರೂ ಕೇಳುವ ಮಾತನ್ನೇ ಕೇಳಿದಳು: “ಮೊದಲ ಕೈ ಕೊಡ್ತೀಯೇನವಾ, ಉಂಡ ಮ್ಯಾಲ ಕೊಡ್ತೀಯೋ?”

ಕೈ ತೊಳೆಯುವ ಮಾತಿರಬೇಕೆಂದು ವಾರಿಜಾ ಎದ್ದು ನೀರಿನ ತೊಟ್ಟಿಯ ಕಡೆಗೆ ನಡೆದಳು. ಬಸವಣ್ಣೆವ್ವ ನಕ್ಕು, ಅವಳ ಒದ್ದೆ ಕೈಯನ್ನು ಸೆರಗಿನಿಂದ ಒರೆಸಿ, ತನ್ನ ಅಂಗೈಯೊಳಗೆ ಇಟ್ಟುಕೊಂಡು ಎರಡು ನಿಮಿಷ ಕುಳಿತಳು. ಹನ್ನೊಂದು ತಾಸಿನ ದಣಿವು ಹೋಯಿತು. ಬಸವಣ್ಣೆವ್ವ ಗೋಡೆಗೆ ಒರಗಿ, “ಅಯ್ಯ ಶಿವನ, ಆ ಬಸ್ಸಿಗೆ ಸೀಟಾದ್ರೂ ಅದಾವೋ ಇಲ್ಲೋ” ಎಂದು ತನ್ನ ಸೊಂಟವನ್ನು ಒತ್ತಿಕೊಂಡಳು. ವಾರಿಜಾ ನಾಲ್ಕು ರೊಟ್ಟಿ ಉಂಡು, ಚೀಲ ಹೊತ್ತುಕೊಂಡು, ನೆಟ್ಟಗೆ ನನ್ನ ಮನೆಯ ಬಾಗಿಲಿಗೆ ಬಂದಳು.

ನನ್ನ ಮನೆಗೆ ಬರಲು ಕಾರಣವಿತ್ತು. ದಣಿವು ಹಿಡಿಯುವವರ ವಿಷಯ ಕೇಳಿಕೊಂಡು ಯಾರೇ ಬರಲಿ, ಊರಿನವರು ಬಾಳವ್ವನ ಮನೆಯನ್ನು ತೋರಿಸುತ್ತಾರೆ. ಬಾಳವ್ವ ನನ್ನ ಹೆಂಡತಿ. ಅವಳು ಲಿಂಗೈಕ್ಯಳಾಗಿ ಆಗ ಮೂರು ವರ್ಷ ಕಳೆದಿದ್ದರೂ ಮನೆ ಇನ್ನೂ ಅವಳ ಹೆಸರಿನಲ್ಲಿಯೇ ಇತ್ತು. ನಾನು, ಮುರಿಗೆಪ್ಪ, ಅದರೊಳಗೆ ಬಾಡಿಗೆಯವನ ಹಾಗೆ ಇದ್ದೆ.

“ಅಜ್ಜ, ನಾನು ಸಾಕ್ಷ್ಯಚಿತ್ರ ಮಾಡ್ತೀನಿ” ಎಂದಳು ವಾರಿಜಾ. ಮೈಸೂರು ಕಡೆಯ ಮಾತು. ವಯಸ್ಸು ನಲವತ್ತರ ಹತ್ತಿರ. ಕೂದಲಿನಲ್ಲಿ ಒಂದೆಳೆ ಬೆಳ್ಳಗಾಗಿತ್ತು, ಅದನ್ನು ಮುಚ್ಚಿಕೊಂಡಿರಲಿಲ್ಲ.

“ಸಾಕ್ಷಿ ಯಾರು?” ಎಂದೆ.

“ನೀವೇ. ನಾನು ಬರೀ ತೋರಿಸೋಳು.”

“ಹಂಗಾದ್ರ ಆಣಿ ಮಾಡಿ ಹೇಳಬೇಕಾಕ್ಕತಿ. ಸುಳ್ಳು ಸಾಕ್ಷಿ ಹೇಳಿದವರನ್ನ ಶಿವ ಮೆಚ್ಚಂಗಿಲ್ಲವ್ವಾ.”

ಅವಳು ನಕ್ಕಳು. ಜಗಲಿಯ ಮೇಲೆ ಕುಳಿತು, ತಾನು ಅದುವರೆಗೆ ತೆಗೆದ ಚಿತ್ರಗಳ ಮಾತು ಹೇಳಿದಳು. ಉಪ್ಪಿನ ಮಡಿಗಳಲ್ಲಿ ದುಡಿಯುವವರ ಅಂಗಾಲು, ಬೀಡಿ ಕಟ್ಟುವವರ ಬೆರಳು, ಕಲ್ಲು ಒಡೆಯುವವರ ಎದೆ. “ಎಲ್ಲಾ ಕಡೆ ನೋವು ಕಣ್ಣಿಗೆ ಕಾಣ್ತಿತ್ತು ಅಜ್ಜ. ಕಾಲು ಸೀಳಿದ್ರೆ ಸೀಳಿದ್ದು ಕಾಣತ್ತೆ. ನಿಮ್ಮೂರಲ್ಲಿ ಏನಂತ ತೋರಿಸ್ಲಿ? ಹೆಂಗಸ್ರು ಬೆಂಚಿನ ಮೇಲೆ ಕೂತಿರ್ತಾರೆ, ಗಂಡಸ್ರು ಬಂದು ಕೈ ಹಿಡ್ಕೊಂಡು ಹೋಗ್ತಾರೆ, ಆಮೇಲೆ ಇವ್ರು ಮಲಗ್ತಾರೆ. ನೋಡಿದವ್ರು ಸೋಮಾರಿ ಹೆಂಗಸ್ರ ಊರು ಅಂತಾರೆ.”

ಅವಳ ಮಾತಿನಲ್ಲಿ ಸುಳ್ಳಿರಲಿಲ್ಲ. ನಮ್ಮೂರಿನಲ್ಲಿ ಇರುವುದು ಒಂದೇ ಅರಳೆ ಮಿಲ್ಲು, ಜಂಬಣ್ಣ ಸಾವಕಾರರದು. ಅದರ ಗೇಟಿನ ಹೊರಗೆ, ಬೇವಿನ ಗಿಡದ ಕೆಳಗೆ, ಉದ್ದನೆಯ ಕಲ್ಲುಬೆಂಚು. ಮುಂಜಾನೆಯ ಪಾಳಿ ಮುಗಿದ ಕೂಡಲೆ ಆಳುಗಳು ಹೊರಗೆ ಬಂದು, ಬೆಂಚಿನ ಮೇಲೆ ಕುಳಿತ ಹೆಂಗಸರಿಗೆ ಕೈ ಕೊಟ್ಟು, ಹೂವಿನಂತೆ ಹಗುರಾಗಿ ಮತ್ತೆ ಒಳಗೆ ಹೋಗಿ ಎರಡನೆಯ ಪಾಳಿಯನ್ನು ದುಡಿಯುತ್ತಾರೆ. ಹಿಡಿದ ಹೆಂಗಸರಿಗೆ ಮಿಲ್ಲಿನಿಂದ ಜೋಳ ಸಿಗುತ್ತದೆ. ಹಿಡಿದ ದಣಿವು ನಿದ್ದೆ ಮಾಡಿದರೆ ಮಾತ್ರ ಇಳಿಯುತ್ತದೆ; ಒಂದು ಕೈಗೆ ನಾಲ್ಕು ತಾಸು ನಿದ್ದೆ ಬೇಕು. ಎರಡು ಕೈ ಹಿಡಿದವಳು ಎಂಟು ತಾಸು ಮಲಗಬೇಕು. ಮೂರು ಹಿಡಿದವಳು ಎಷ್ಟು ಮಲಗಬೇಕೆಂಬುದು ಮಗ್ಗಿ ಕಲಿತವರಿಗೆಲ್ಲ ಗೊತ್ತಿತ್ತು. ಅಷ್ಟು ಹೊತ್ತು ಮಲಗುವುದಕ್ಕೆ ಯಾವ ಹೆಂಗಸಿಗೆ ಪುರಸೊತ್ತಿತ್ತು ಎಂದು ಮಾತ್ರ ಯಾರೂ ಕೇಳಿರಲಿಲ್ಲ. ಮಿಲ್ಲಿನ ಟೈಂಕೀಪರನಾಗಿ ನಲವತ್ತೊಂದು ವರ್ಷ ಪಾಳಿಯ ಗಂಟೆ ಬಾರಿಸಿದ ನಾನೂ ಕೇಳಿರಲಿಲ್ಲ.

ಬಾಳವ್ವ ಹಬ್ಬದ ಹಂಗಾಮಿನಲ್ಲಿ ನಾಲ್ಕು ಕೈ ಹಿಡಿಯುತ್ತಿದ್ದಳು. ಮನೆಗೆ ಬಂದ ಮೇಲೆ ಐದನೆಯದು ನನ್ನದು. ಕುಳಿತು ಗಂಟೆ ಬಾರಿಸುವವನಿಗೆ ಎಂಥ ದಣಿವು ಎಂದು ನೀವು ಕೇಳಬಹುದು. ಅವಳೂ ಅದನ್ನೇ ಆಡಿಕೊಳ್ಳುತ್ತಿದ್ದಳು: “ನಿಮ್ಮ ದಣಿವಿಗೆ ಒಗ್ಗರಣಿನ ಇಲ್ಲ ನೋಡ್ರಿ. ಹಮಾಲರದು ಹೆಂಗಿರತೈತಿ ಗೊತ್ತೇನು, ಹಸಿ ಕಟ್ಟಿಗಿ ಇದ್ದಂಗ, ಹೆಗಲ ಮ್ಯಾಲ ಬಂದು ಕುಂದರತೈತಿ. ನಿಮ್ಮದು ಬರೇ ನೀರು ಸಾರು.” ಹೀಗೆ ಹೇಳುತ್ತಲೇ ಕೈ ಚಾಚುತ್ತಿದ್ದಳು. ನಾನು ನನ್ನ ನೀರು ಸಾರನ್ನು ಅದರೊಳಗೆ ಸುರಿದು, ಸ್ನಾನ ಮಾಡಿ, ಪೂಜೆಗೆ ಕುಳಿತುಕೊಳ್ಳುತ್ತಿದ್ದೆ.

ವಾರಿಜಾ ಬಂದ ಮೂರನೆಯ ದಿನ ಕಣ್ಣು ಕೆಂಪು ಮಾಡಿಕೊಂಡು ನನ್ನ ಜಗಲಿಗೆ ಬಂದಳು. ಫಕೀರವ್ವನನ್ನು ಮಾತಾಡಿಸಿ ಬಂದಿದ್ದಳು. ಫಕೀರವ್ವ ಬಾಳವ್ವನ ಗೆಳತಿ, ಬೆಂಚಿನ ಮೇಲೆ ಮೂವತ್ತು ವರ್ಷ ಅವಳ ಪಕ್ಕದಲ್ಲಿ ಕುಳಿತವಳು, ನಾಲಿಗೆಗೆ ಎಲುಬಿಲ್ಲದವಳು.

“ಅಜ್ಜ, ಅವ್ರ ಮಾತು ಕೇಳಿ ನಂಗೆ ತಡ್ಕೊಳ್ಳಕ್ಕಾಗ್ಲಿಲ್ಲ. ‘ಸಾವಕಾರರು ಹನ್ನೆರಡು ವರ್ಷದಿಂದ ಒಂದು ದಿನ ತಪ್ಪದೆ ನನಗೇ ಕೈ ಕೊಡ್ತಾರೆ’ ಅಂತಾರೆ. ಅದನ್ನ ನಗ್‌ನಗ್ತಾ ಹೇಳ್ತಾರೆ. ‘ದೊಡ್ಡ ಮನಸ್ಸು ಅವರದು, ಬೇರೆ ಯಾರಿಗೂ ಕೊಡೋದಿಲ್ಲ’ ಅಂತಾರೆ. ಮೋಸ ಹೋಗಿದ್ದಕ್ಕೂ ಹೆಮ್ಮೆ ಪಡೋ ಹಾಗೆ ಮಾಡಿಬಿಟ್ಟಿದಾರಲ್ಲ ಜನಾನ.”

“ಮೋಸ ಎಲ್ಲಿ ಬಂತವ್ವಾ?”

“ಕೈ ಕೊಡೋದು ಅಂದ್ರೆ ಮೋಸ ತಾನೆ? ನಂಬಿಸಿ, ಬೇಕಾದಾಗ ಬಿಟ್ಟುಹೋಗೋದು.”

ನಾನು ಅವಳ ಮುಖ ನೋಡಿದೆ. ಆಮೇಲೆ ನಗು ಬಂತು. ಮೂರು ವರ್ಷದ ಮೇಲೆ ಬಂದ ನಗು. ಎದೆಯೊಳಗೆ ಎಲ್ಲಿಯೋ ತುಕ್ಕು ಹಿಡಿದ ಬಾಗಿಲು ತೆಗೆದಂತಾಯಿತು. “ನಮ್ಮೂರಾಗ ಕೈ ಕೊಡೋದು ಅಂದ್ರ ದಣಿವು ಕೊಡೋದವ್ವಾ. ಸಾವಕಾರ್ರು ದಿನಾ ಫಕೀರವ್ವಗ ತಮ್ಮ ದಣಿವು ಕೊಡ್ತಾರ, ಅಷ್ಟ. ಬಸವಣ್ಣೆವ್ವ ನಿನ್ನ ಕೈ ಕೇಳಲಿಲ್ಲೇನು ಮೊನ್ನಿ?”

ಅವಳು ತಲೆಯ ಮೇಲೆ ಕೈ ಹೊತ್ತುಕೊಂಡಳು. ತನ್ನ ಟಿಪ್ಪಣಿಯ ಪುಸ್ತಕ ತೆಗೆದು ಏನನ್ನೋ ಹೊಡೆದುಹಾಕಿದಳು. “ಮಿಕ್ಕ ಕಡೆಯೆಲ್ಲ ಅದಕ್ಕೆ ಮೋಸ ಅಂತಲೇ ಅರ್ಥ ಅಜ್ಜ. ನೀವು ಪುಸ್ತಕ ಓದೋರು, ಯಾವತ್ತೂ ಸಿಕ್ಕಿರ್ಲಿಲ್ವಾ?”

ಸಿಕ್ಕಿತ್ತು. ಕಾದಂಬರಿಗಳಲ್ಲಿ, ಪತ್ರಿಕೆಗಳಲ್ಲಿ ಆ ಮಾತು ಎಷ್ಟೋ ಸಲ ಬಂದಿತ್ತು. ಬರೆದವರಿಗೆ ಕನ್ನಡ ಸರಿಯಾಗಿ ಬರುವುದಿಲ್ಲವೆಂದು ಮುಂದಕ್ಕೆ ಹೋಗುತ್ತಿದ್ದೆ. ಇಡೀ ನಾಡು ಒಂದು ಕಡೆ, ನಮ್ಮೂರು ಒಂದು ಕಡೆ ಇದ್ದಾಗ, ತಪ್ಪಿರುವುದು ನಾಡಿನ ಕಡೆಯೇ ಎಂದು ತಿಳಿಯುವುದು ನಮ್ಮೂರಿನ ಗುಣ.

ಅವಳು ಹೋದ ಮೇಲೆ ನಗು ಹೋಯಿತು, ಆ ಅರ್ಥ ಮಾತ್ರ ಹೋಗಲಿಲ್ಲ. ನಲವತ್ತೊಂದು ವರ್ಷ ಸಂಜೆ ಸಂಜೆಗೆ ನಾನು ನನ್ನ ಹೆಂಡತಿಗೆ ಕೈ ಕೊಟ್ಟಿದ್ದೆ.

ಮರುದಿನ ವಾರಿಜಾ ತಾನು ಬಂದದ್ದೇಕೆಂದು ಬಿಚ್ಚಿ ಹೇಳಿದಳು. ದೀಪಾವಳಿಯ ಮುಂದೆ ಹೊಸ ಹತ್ತಿ ಬರುವ ಹೊತ್ತಿಗೆ ಸಾವಕಾರರು ಮೂರನೆಯ ಪಾಳಿ ಸುರು ಮಾಡುವವರಿದ್ದರು. ಆಳುಗಳು ಅವರೇ, ಹಿಡಿಯುವವರೂ ಅವರೇ. ಹೆಂಗಸರು ಫಕೀರವ್ವನನ್ನು ಮುಂದೆ ಮಾಡಿಕೊಂಡು, ದಿನಕ್ಕೆ ಎರಡು ಕೈಗಿಂತ ಹೆಚ್ಚು ಹಿಡಿಯುವುದಿಲ್ಲವೆಂದು ಹೇಳಲು ಹೋಗಿದ್ದರು. ಸಾವಕಾರರು ಸಿಟ್ಟು ಮಾಡಲಿಲ್ಲ. ಅವರು ಸಿಟ್ಟಿನ ಮನುಷ್ಯರೇ ಅಲ್ಲ. ಎಲ್ಲರಿಗೂ ಚಹಾ ತರಿಸಿ, ಆಫೀಸಿನ ಗೋಡೆಯ ಮೇಲೆ ಮಾಲೆ ಹಾಕಿದ ಬಾಳವ್ವನ ಫೋಟೋ ತೋರಿಸಿದರು. “ಆ ಶರಣಿ ನಾಕು ನಾಕು ಹಿಡಿದ್ಲು. ಆಕಿಗೆ ಏನಾತು? ನಕ್ಕೋತ ಹಿಡಿದ್ಲು, ಪೂಜಾ ಹೊತ್ತಿನ್ಯಾಗ ನಿದ್ದಿ ಮಾಡಿದಂಗ ಲಿಂಗೈಕ್ಯ ಆದ್ಲು. ಅಂಥ ಪುಣ್ಯ ಯಾರಿಗೆ ಬರತೈತಿ? ಎರಡಕ್ಕ ಸುಸ್ತಾತು ಅನ್ನಾಕ ನಿಮಗ ನಾಚಿಕಿ ಬರಬೇಕು.” ಹೆಂಗಸರು ಚಹಾ ಕುಡಿದು, ನಾಚಿಕೊಂಡು, ತಿರುಗಿ ಬಂದರು.

“ಅವರು ಹೇಗೆ ತೀರಿಕೊಂಡ್ರು ಅಜ್ಜ?” ಎಂದು ವಾರಿಜಾ ಕೇಳಿದಳು. ಕ್ಯಾಮರಾ ಪೆಟ್ಟಿಗೆಯಲ್ಲಿಯೇ ಇತ್ತು. “ಆ ಹೊತ್ತಲ್ಲಿ ಮನೇಲಿ ನೀವೊಬ್ಬರೇ ಇದ್ದಿದ್ದಂತೆ. ಎಲ್ಲರೂ ನೀವು ಹೇಳಿದ್ದನ್ನೇ ಹೇಳ್ತಾರೆ.”

“ಪೂಜಾ ಹೊತ್ತಿನ್ಯಾಗ” ಎಂದೆ. “ನಿದ್ದಿ ಮಾಡಿದಂಗ.”

“ದಣಿವಿನಿಂದ ಅಲ್ವಾ?”

“ಪೂಜಾ ಹೊತ್ತಿನ್ಯಾಗ” ಎಂದು ಮತ್ತೊಮ್ಮೆ ಹೇಳಿ ಒಳಗೆ ಹೋದೆ. ಅವಳು ಹೋಗುವಾಗ ಬಾಗಿಲಿನಿಂದಲೇ, “ನಾನು ಶನಿವಾರದ ಬಸ್ಸಿಗೆ ಹೊರಡ್ತೀನಿ ಅಜ್ಜ. ಒತ್ತಾಯ ಇಲ್ಲ” ಎಂದಳು.

ನಾನು ಊರಿಗೆ ಹೇಳಿದ್ದು ಸುಳ್ಳಲ್ಲ. ಅದು ಪೂಜೆಯ ಹೊತ್ತೇ ಆಗಿತ್ತು. ದೀಪ ಹಚ್ಚಿ, ವಿಭೂತಿ ಧರಿಸಿ, ಇಷ್ಟಲಿಂಗವನ್ನು ಎಡಗೈಯಲ್ಲಿ ಇಟ್ಟುಕೊಂಡು ಕಣ್ಣು ಮುಚ್ಚಿದ್ದೆ. ಬಾಳವ್ವ ಮಿಲ್ಲಿನಿಂದ ಬಂದಳು. ಅಂದು ನಾಲ್ಕು ಕೈ ಹಿಡಿದಿದ್ದಳು. ದೇವರ ಕೋಣೆಯ ಹೊಸ್ತಿಲಿನ ಆಚೆ ನಿಂತು, “ನೋಡ್ರಿ, ಇವತ್ತೊಂದಿನ ನನ್ನ ಕೈ ಹಿಡೀತೀರೇನು?” ಎಂದಳು. ನಲವತ್ತೊಂದು ವರ್ಷದಲ್ಲಿ ಅವಳು ಆ ಮಾತು ಕೇಳಿದ್ದು ಅದೊಂದೇ ಸಲ. ನಾನು ಕಣ್ಣು ತೆರೆಯಲಿಲ್ಲ. ಬಲಗೈಯನ್ನು ಮೇಲೆತ್ತಿ, ತಡೆ ಎಂದು ತೋರಿಸಿದೆ. ಲಿಂಗವಿದ್ದದ್ದು ಎಡಗೈಯಲ್ಲಿ. ಬಲಗೈ ಖಾಲಿಯಿತ್ತು. ಆ ಖಾಲಿ ಕೈಯಿಂದಲೇ ತಡೆ ಎಂದೆ. ಪೂಜೆ ಮುಗಿಸಿ ಬಂದಾಗ ಅವಳು ಪಡಸಾಲೆಯ ಕಂಬಕ್ಕೆ ಒರಗಿ ಕುಳಿತಿದ್ದಳು. ಕೈ ಮಡಿಲಿನಲ್ಲಿ ಅಂಗಾತ ಬಿದ್ದಿತ್ತು. ನಗುತ್ತಿದ್ದಳೆಂದು ನಾನು ಊರಿಗೆ ಹೇಳಿದೆ. ನಗುತ್ತಿರಲಿಲ್ಲ. ಕಾಯುತ್ತಿದ್ದಳು.

ಇದನ್ನು ಶಿವನಿಗೆ ಬಿಟ್ಟು ಬೇರೆ ಯಾರಿಗೂ ನಾನು ಹೇಳಿರಲಿಲ್ಲ. ಶಿವನ ಮೇಲೆ ನನ್ನ ದೂರು ಇರಲಿಲ್ಲ, ಈಗಲೂ ಇಲ್ಲ. ಎಡಗೈಯಲ್ಲಿ ಆತ ಇದ್ದ. ಬಲಗೈಯನ್ನು ನನ್ನ ಬುದ್ಧಿಗೆ ಬಿಟ್ಟಿದ್ದ. ಊರು ಅವಳನ್ನು ಶರಣೆ ಎಂದು ಕರೆದಾಗ, ಬೆಂಚಿನಲ್ಲಿ ಅವಳು ಕೂಡುತ್ತಿದ್ದ ಕೊನೆಯ ಜಾಗಕ್ಕೆ ಹೂವಿಟ್ಟು ಯಾರೂ ಅಲ್ಲಿ ಕುಳಿತುಕೊಳ್ಳದೆ ಹೋದಾಗ, ಹೀಗೇ ಇರಲಿ ಎಂದುಕೊಂಡೆ. ಅವಳು ಶರಣೆಯಾಗಿದ್ದರೆ ನಾನು ಶರಣೆಯ ಗಂಡ. ಅವಳು ದಣಿದು ಸತ್ತಿದ್ದರೆ ನಾನು ಯಾರು? ಈಗ ಆ ನನ್ನ ಮಾತನ್ನೇ ಗೋಡೆಗೆ ಹಾಕಿ, ಸಾವಕಾರರು ಉಳಿದ ಹೆಂಗಸರ ಕೈಗೆ ಮೂರನೆಯ ಪಾಳಿಯನ್ನು ಇಡುತ್ತಿದ್ದರು. ನಾನು ಬಾಯಿ ಬಿಟ್ಟರೆ ಬಾಳವ್ವನ ಫೋಟೋದ ಮಾಲೆ ಹೋಗುತ್ತದೆ. ನನ್ನ ಮುಖ ಹೋಗುತ್ತದೆ. ಬಿಡದಿದ್ದರೆ ಫಕೀರವ್ವ ಯಾವ ಕಂಬಕ್ಕೆ ಒರಗಿ ಕುಳಿತುಕೊಳ್ಳುತ್ತಾಳೋ.

ಶುಕ್ರವಾರ ಮುಂಜಾನೆಯ ಪಾಳಿ ಬಿಡುವ ಮೊದಲು ಸಾವಕಾರರು ಚಿತ್ರಕ್ಕಾಗಿ ನಾಲ್ಕು ಮಾತು ಆಡಲು ಒಪ್ಪಿದ್ದರು. ಬೇವಿನ ಗಿಡದ ಕೆಳಗೆ, ಬೆಂಚಿನ ಪಕ್ಕದಲ್ಲಿ, ಇಸ್ತ್ರಿ ಮಾಡಿದ ಧೋತರ ಉಟ್ಟು ನಿಂತರು. ನೋಡುವುದಕ್ಕೆ ಅರ್ಧ ಊರು ಸೇರಿತ್ತು. ಬಸವಣ್ಣೆವ್ವ ಕೈಯಲ್ಲಿ ಸವಟು ಹಿಡಿದುಕೊಂಡೇ ಬಂದಿದ್ದಳು. ಗೇಟು ಕಾಯುವ ಹುಸೇನ್‌ಸಾಬ ಟೊಪ್ಪಿಗೆ ಸರಿಮಾಡಿಕೊಂಡು, ತಾನೂ ಚಿತ್ರದಲ್ಲಿ ಬೀಳುವ ಹಾಗೆ ನಿಂತಿದ್ದ. ಮಂದಿಯ ಹಿಂದೆ ನಾನಿದ್ದೆ.

“ಇಲ್ಲಿ ಯಾರಿಗೂ ಜುಲುಮಿ ಇಲ್ಲ” ಎಂದರು ಸಾವಕಾರರು ಕ್ಯಾಮರಾಕ್ಕೆ. “ಇದು ಕಾಯಕ. ಇದು ಸೇವಾ. ಈ ಬೆಂಚಿನ ಮ್ಯಾಲ ಕುಂತ ಬಾಳವ್ವ ಅನ್ನೋ ಶರಣಿ ನಾಕು ಕೈ ಹಿಡಿದು, ನಕ್ಕೋತ ಹೋಗ್ಯಾಳ. ನನ್ನ ಮಾತು ನಂಬಬ್ಯಾಡ್ರಿ. ಆಕಿ ಯಜಮಾನ್ರು ಅಲ್ಲೇ ನಿಂತಾರ, ಮುರಿಗೆಪ್ಪನವರು. ಅವರನ್ನ ಕೇಳ್ರಿ.”

ಮಂದಿ ಹಿಂದಕ್ಕೆ ತಿರುಗಿದರು. ನಡುವೆ ದಾರಿಯಾಯಿತು. ವಾರಿಜಾ ಕ್ಯಾಮರಾವನ್ನು ನನ್ನ ಕಡೆ ತಿರುಗಿಸಿದಳು. ಆದರೆ ಏನೂ ಕೇಳಲಿಲ್ಲ. ಅವಳು ಕೇಳಿದ್ದರೆ ನಾನು ಹಳೆಯ ಮಾತನ್ನೇ ಹೇಳಿಬಿಡುತ್ತಿದ್ದೆನೋ ಏನೋ. ಕೇಳದೆ ನಿಂತಳು. ಹೊಸ್ತಿಲಿನ ಆಚೆ ಒಬ್ಬಳು ಹಾಗೆಯೇ ನಿಂತಿದ್ದಳು.

“ನಕ್ಕೋತ ಹೋಗಲಿಲ್ರಿ” ಎಂದೆ. ನನ್ನ ದನಿ ನನಗೇ ಬೇರೆಯವರದೆನ್ನಿಸಿತು. “ಆ ದಿನ ಆಕಿ ನನ್ನ ಕೈ ಕೇಳಿದ್ಲು. ಹಿಡೀರಿ ಅಂದ್ಲು. ನಾ ಹಿಡೀಲಿಲ್ಲ. ಪೂಜಾಕ್ಕ ಕುಂತಿದ್ದೆ. ಲಿಂಗ ಎಡಗೈಯಾಗಿತ್ತು. ಈ ಕೈ ಬರೇ ಇತ್ತು.” ಬಲಗೈ ಎತ್ತಿ ತೋರಿಸಿದೆ. “ತಡೀ ಅಂದೆ. ಆಕಿ ತಡೀಲಿಲ್ಲ.”

ಬೇವಿನ ಗಿಡದ ಮೇಲೆ ಕಾಗೆಯೊಂದು ಕೂಗುತ್ತಿತ್ತು. ಈಗ ಯಾರಾದರೂ ಕಲ್ಲು ಎತ್ತಿದರೂ ಆದೀತು ಎಂದು ನಾನು ನಿಂತಿದ್ದೆ. ಆಗ ಫಕೀರವ್ವ ಬೆಂಚಿನಿಂದ ಎದ್ದಳು.

“ಏ ಮುದುಕಪ್ಪಾ” ಎಂದಳು. “ಆಕಿ ನಿನ್ನ ಒಬ್ಬನ್ನ ಕೇಳಿದ್ಲಂತ ತಿಳಿಕೊಂಡೀಯೇನು? ಮೂರು ವರ್ಷ ಇದನ್ನ ಒಬ್ಬನ ನುಂಗಿಕೋತ ಕುಂತೀ? ನನ್ನೂ ಕೇಳಿದ್ಲು. ಇಲ್ಲೇ, ಇದ ಬೆಂಚಿನ ಮ್ಯಾಲ. ‘ಫಕೀರಿ, ಎದಿ ಭಾರ ಆಗೇತಿ, ಅರ್ಧರೆ ಹಿಡಿ’ ಅಂದ್ಲು. ನಾ, ‘ನನ್ನವ ಮೂರು ಕೈ ಅದಾವು, ನಿನ್ನ ತಗೊಂಡು ಎಲ್ಲಿಡ್ಲಿ’ ಅಂದೆ. ಅಂದು ನಕ್ಕೆ. ಆಕಿನೂ ನಕ್ಕಳು. ನಕ್ಕದ್ದು ಅದ, ಸಾವಕಾರ್ರ.”

ಬಸವಣ್ಣೆವ್ವ ಸವಟನ್ನು ಎದೆಗೆ ಒತ್ತಿಕೊಂಡಿದ್ದಳು. “ನನ್ನ ಕಡೀನೂ ಬಂದಿದ್ಲು” ಎಂದಳು ಮೆಲ್ಲಗೆ. “ಖಾನಾವಳಿ ಹಿತ್ತಲ ಬಾಗಿಲಿಗೆ. ಪಂಕ್ತಿ ಕುಂತಿತ್ತು. ಪಂಕ್ತಿ ಏಳಲಿ, ಕುಂದ್ರು ಅಂದೆ. ಹೊಳ್ಳಿ ನೋಡೂದ್ರಾಗ ಹೋಗಿದ್ಲು.”

ಹುಸೇನ್‌ಸಾಬ ಟೊಪ್ಪಿಗೆಯನ್ನು ತೆಗೆದು ಕೈಯಲ್ಲಿ ಹಿಡಿದುಕೊಂಡ. ಅವನಿಗೆ ಈಗ ಚಿತ್ರದ ನೆನಪಿರಲಿಲ್ಲ. “ಗೇಟಿನ್ಯಾಗ ನಿಂತು ಕೇಳಿದ್ರು, ಬಾಳಕ್ಕ. ಗಂಡಸರು ಹಿಡಿಯೂದು ಎಲ್ಲರೆ ಐತೇನ್ರಿ, ಮಂದಿ ನಗತಾರ ಅಂದೆ ನಾನು. ನಂದು ಅವತ್ತು ಏನೂ ಕೆಲಸ ಇರಲಿಲ್ಲರೀ. ಖಾಲಿ ಕುಂತಿದ್ದೆ.”

ಆ ದಿನ ಅವಳು ಮಿಲ್ಲಿನಿಂದ ಮನೆಯವರೆಗೆ ಕೇಳುತ್ತಲೇ ಬಂದಿದ್ದಳು. ಅದು ಕಾಲು ತಾಸಿನ ದಾರಿ. ಪ್ರತಿಯೊಬ್ಬರ ಬಳಿಯೂ ಒಂದು ಕಾರಣವಿತ್ತು; ಯಾವುದೂ ಕೆಟ್ಟ ಕಾರಣವಲ್ಲ. ಎಲ್ಲರೂ ಮೂರು ವರ್ಷ ಅದನ್ನು ಬೇರೆ ಬೇರೆಯಾಗಿ ಮುಚ್ಚಿಟ್ಟುಕೊಂಡು, ಅವಳ ಜಾಗಕ್ಕೆ ಹೂವಿಡುತ್ತಿದ್ದೆವು. ನನ್ನ ಮನೆ ಅವಳ ದಾರಿಯ ಕೊನೆಯ ಬಾಗಿಲು. ಅದರಿಂದ ನನ್ನ ತಪ್ಪು ಕಡಿಮೆಯಾಯಿತೆಂದು ಹೇಳಲಾರೆ. ಆದರೆ ಅಷ್ಟು ಜನ ಒಟ್ಟಿಗೆ ತಲೆ ತಗ್ಗಿಸಿ ನಿಂತಾಗ, ಒಬ್ಬನೇ ತಗ್ಗಿಸಿದ್ದ ಕುತ್ತಿಗೆಗೆ ಸ್ವಲ್ಪ ಗಾಳಿ ಸೋಕಿದಂತಾಯಿತು.

ಸಾವಕಾರರು ಏನಾದರೂ ಹೇಳುವರೆಂದು ಎಲ್ಲರೂ ನೋಡಿದರು. ಅವರು ತಮ್ಮ ಬಲಗೈಯ ಅಂಗೈಯನ್ನೇ ನೋಡುತ್ತಿದ್ದರು. ಬಾಳವ್ವ ಆಫೀಸಿಗೂ ಹೋಗಿದ್ದಳೋ ಇಲ್ಲವೋ, ನನಗೆ ಗೊತ್ತಿಲ್ಲ. ಯಾರೂ ಕೇಳಲಿಲ್ಲ.

ಅಷ್ಟರಲ್ಲಿ ಪಾಳಿಯ ಗಂಟೆ ಬಡಿಯಿತು. ಆಳುಗಳು ಹೊರಗೆ ಬಂದರು. ಮೈಯೆಲ್ಲ ಅರಳೆಯ ಧೂಳು, ಹುಬ್ಬು ಸಹ ಬಿಳಿ. ನಡೆದದ್ದು ಅವರಿಗೆ ಗೊತ್ತಿಲ್ಲ. ರೂಢಿಯಂತೆ ಕೈ ಮುಂದೆ ಚಾಚಿಕೊಂಡು ಬೆಂಚಿನ ಕಡೆಗೆ ಬಂದರು. ಹೆಂಗಸರು ಒಬ್ಬರ ಮುಖ ಒಬ್ಬರು ನೋಡಿದರು. ಹಿಂದಿನ ರಾತ್ರಿ ಎರಡನೆಯ ಪಾಳಿ ಬಿಟ್ಟ ಮೇಲೆ ಹಿಡಿದ ಮೂರು ಕೈಗಳ ದಣಿವು ಫಕೀರವ್ವನ ಮೈಯಿಂದ ಇನ್ನೂ ಇಳಿದಿರಲಿಲ್ಲ. ಅದರಲ್ಲಿ ಒಂದು ಸಾವಕಾರರದು. ಆದರೂ ರೂಢಿ ಎಂಬುದು ದೊಡ್ಡದು. ಅವಳ ಕೈ ತಾನಾಗಿಯೇ ಮೇಲೆದ್ದಿತು.

ನಾನು ಹೋಗಿ, ಹೂವನ್ನು ಪಕ್ಕಕ್ಕೆ ಸರಿಸಿ, ಬಾಳವ್ವನ ಜಾಗದಲ್ಲಿ ಕುಳಿತೆ. “ತಾ ಇಲ್ಲಿ” ಎಂದೆ.

“ಏನ ತರಲಿ?”

“ಕೈ ತಾ. ನಾ ಹಿಡೀತೀನಿ.”

ಫಕೀರವ್ವ ನನ್ನನ್ನು ಕೆಳಗಿನಿಂದ ಮೇಲಿನವರೆಗೆ ನೋಡಿದಳು. “ಎಪ್ಪತ್ತು ದಾಟೇತಿ. ಮೂರು ಕೈ ಅದಾವು, ತಿಳೀತೇನು? ಸತ್ತಗಿತ್ತೀ. ಮ್ಯಾಲ ಗಂಡಸು ಹಿಡಿದಾ ಅಂತ ಮಂದಿ ಕೈಗೆ ಬಳಿ ಇಡಿಸ್ಯಾರು.”

“ಇಡಿಸಲಿ. ಹಸಿರು ಬಳಿ ಇಡಿಸು ಅಂತ ಹೇಳು.”

ಯಾರೋ ಫಕ್ಕನೆ ನಕ್ಕರು. ಫಕೀರವ್ವ ನಗಲಿಲ್ಲ. ಕುಳಿತಳು, ಕೈ ಕೊಟ್ಟಳು. ನಾನು ಬಲಗೈಯಿಂದ ಹಿಡಿದೆ.

ನನ್ನ ಜೀವಮಾನದಲ್ಲಿ ನಾನು ಇನ್ನೊಬ್ಬರ ದಣಿವನ್ನು ಹಿಡಿದದ್ದು ಅದೇ ಮೊದಲು. ಮೊದಲು ಹೆಗಲಿಗೆ ಬಂತು. ಅರಳೆಯ ಅಂಡಿಗೆ ಹೊತ್ತ ಯಾರೋ ಹರೆಯದವನ ಹೆಗಲು, ಕೆಂಡದ ಹಾಗೆ. ಆಮೇಲೆ ಕಣ್ಣಿಗೆ ಬಂತು. ಯಂತ್ರದ ಮುಂದೆ ರೆಪ್ಪೆ ಮಿಟುಕಿಸದೆ ನಿಂತವನದು. ಮೂರನೆಯದು ಎಲ್ಲಿಗೂ ಬರಲಿಲ್ಲ, ಮೈತುಂಬ ಹಬ್ಬಿ ಕುಳಿತಿತು; ಯಾವ ಕೆಲಸದ್ದೂ ಅಲ್ಲದ, ನೆನೆದ ಕಂಬಳಿಯಂಥ ಭಾರ. ಅದು ಯಾರದೆಂದು ಹೇಳಬೇಕಾಗಿಲ್ಲ. ಪಾಪ, ಅವರೂ ಅದನ್ನು ಹೇಗೆ ಹೊತ್ತುಕೊಂಡು ತಿರುಗುತ್ತಿದ್ದರೋ ಎನ್ನಿಸಿತು. ಈ ಮೂರರ ಕೆಳಗೆ, ಎಲ್ಲಕ್ಕಿಂತ ತಳದಲ್ಲಿ, ಫಕೀರವ್ವನದೇ ಆದದ್ದು ಇಷ್ಟೇ ಇಷ್ಟು ಇತ್ತು. ಮಣಿಕಟ್ಟಿನಲ್ಲಿ ಒಂದು ಸಣ್ಣ ನೋವು. ರೊಟ್ಟಿ ಬಡಿದದ್ದು. ಅದನ್ನು ಅವಳು ಎಂದೂ ಯಾರಿಗೂ ಕೊಟ್ಟಿರಲಿಲ್ಲ.

ನಲವತ್ತೊಂದು ವರ್ಷ, ದಿನವೂ ಇದು. ಅದರ ಮೇಲೆ ನನ್ನ ನೀರು ಸಾರು. “ಶಿವಾ” ಎಂದೆ. ಬೇರೆ ಪ್ರಾರ್ಥನೆ ಹೊಳೆಯಲಿಲ್ಲ. ಕಣ್ಣು ಮುಚ್ಚಿಬಂತು.

ಮುಂದಿನದು ಹೇಳಿ ಕೇಳಿದ್ದು. ಹುಸೇನ್‌ಸಾಬ ಬಂದು ಬೆಂಚಿನ ಇನ್ನೊಂದು ತುದಿಗೆ ಕುಳಿತು, ಯಾರ ಮುಖವನ್ನೂ ನೋಡದೆ ಕೈ ಚಾಚಿದನಂತೆ. ಧೂಳು ಮೆತ್ತಿದ ಆಳುಗಳು ಬಹಳ ಹೊತ್ತು ಅಲ್ಲಿಯೇ ನಿಂತರಂತೆ. ಆಮೇಲೆ ಯಾರಿಗೂ ಕೈ ಕೊಡದೆ, ತಮ್ಮ ತಮ್ಮ ದಣಿವು ಹೊತ್ತುಕೊಂಡು ಮನೆಗೆ ನಡೆದರಂತೆ. ಆ ಮಧ್ಯಾಹ್ನ ಊರಿನ ಜಗಲಿ ಜಗಲಿಗೂ ಗಂಡಸರು ಕಾಲು ಚಾಚಿ ಕುಳಿತಿದ್ದರಂತೆ. ಹೆಂಡಂದಿರು ನೀರು ತಂದುಕೊಟ್ಟು, ಇದೇನಿದು ಎಂದು ಅವರ ಮುಖಗಳನ್ನು ನೋಡಿದರಂತೆ. ಮಿಲ್ಲಿನ ಎರಡನೆಯ ಪಾಳಿ ಅಂದು ನಡೆಯಲಿಲ್ಲ. ಮೂರನೆಯ ಪಾಳಿಯ ಮಾತನ್ನು ಸಾವಕಾರರು ಆ ದೀಪಾವಳಿಗೂ ಎತ್ತಲಿಲ್ಲ, ಮುಂದಿನದಕ್ಕೂ ಎತ್ತಲಿಲ್ಲ. ದಿನಕ್ಕೆ ಎರಡೇ ಕೈ ಎಂಬ ಮಾತು ನಿಂತಿತು. ಅವರ ಆಫೀಸಿನಲ್ಲಿ ಬಾಳವ್ವನ ಫೋಟೋ ಇನ್ನೂ ಇದೆ. ಮಾಲೆಯನ್ನು ನಾನೇ ಹೋಗಿ ತೆಗೆದೆ. ಈಗ ಅದರಲ್ಲಿ ಅವಳ ಮುಖ ಕಾಣಿಸುತ್ತದೆ.

ನನಗೆ ಎಚ್ಚರವಾದದ್ದು ಶನಿವಾರ ಸಂಜೆ, ಮಗ್ಗಿಯ ಲೆಕ್ಕವನ್ನೂ ಮೀರಿ. ವಾರಿಜಾಳ ಬಸ್ಸು ಹೋಗಿಬಿಟ್ಟಿತ್ತು. ಯಾಕೆ ಹೋಗಲಿಲ್ಲವೆಂದು ಕೇಳಿದರೆ, ನೀವು ಏಳ್ತೀರೋ ಇಲ್ವೋ ಗೊತ್ತಿರ್ಲಿಲ್ಲ ಅಜ್ಜ ಎಂದಳು.

ಆರು ತಿಂಗಳ ಮೇಲೆ ಅವಳು ಚಿತ್ರವನ್ನು ತಂದು, ಖಾನಾವಳಿಯ ಸುಣ್ಣದ ಗೋಡೆಗೆ ಬಿಟ್ಟು ತೋರಿಸಿದಳು. ನಮ್ಮ ಮಾತುಗಳೆಲ್ಲ ಅದರಲ್ಲಿ ಇದ್ದವು, ಒಂದೂ ಕತ್ತರಿಸದೆ. ಕೊನೆಗೆ ಬಂದದ್ದು ಒಂದೇ ಉದ್ದನೆಯ ದೃಶ್ಯ. ಬೆಂಚಿನ ಮೇಲೆ ಬಾಯಿ ತೆರೆದು ಮಲಗಿದ ಒಬ್ಬ ಮುದುಕ. ಪಟ್ಟಣದಲ್ಲಿ ನೋಡಿದವರು ಇದರಲ್ಲಿ ಏನೂ ನಡೆಯುವುದಿಲ್ಲವಲ್ಲ ಎಂದು ಅವಳನ್ನು ಕೇಳಿದರಂತೆ. ಖಾನಾವಳಿಯಲ್ಲಿ ಯಾರೂ ಹಾಗೆ ಕೇಳಲಿಲ್ಲ. ಉಸಿರು ಬಿಗಿ ಹಿಡಿದು ನೋಡಿದರು. ನನ್ನ ತಲೆಯ ಹತ್ತಿರ ಫಕೀರವ್ವ ಕುಳಿತಿದ್ದಾಳೆ. ಸೆರಗಿನ ಚುಂಗಿನಿಂದ ನನ್ನ ಮುಖದ ಮೇಲಿನ ನೊಣ ಹೊಡೆಯುತ್ತಿದ್ದಾಳೆ. ಬಹಳ ಹೊತ್ತು ಅಷ್ಟೇ. ಆಮೇಲೆ ಕ್ಯಾಮರಾ ತನ್ನನ್ನೇ ನೋಡುತ್ತಿದೆಯೆಂದು ತಿಳಿದು, ಸೆರಗನ್ನು ಕೆಳಗೆ ಬಿಡುತ್ತಾಳೆ.

“ಇದನ್ನ ಹಿಡೀಬ್ಯಾಡವಾ” ಎನ್ನುತ್ತಾಳೆ. “ಮಂದಿ ಏನಂದಾರು.”

ನೊಣ ತಿರುಗಿ ಬಂದು ನನ್ನ ಮೂಗಿನ ಮೇಲೆ ಕೂಡುತ್ತದೆ. ಅವಳು ಅದನ್ನು ನೋಡುತ್ತಾಳೆ, ನನ್ನನ್ನು ನೋಡುತ್ತಾಳೆ, ಮತ್ತೆ ಸೆರಗು ಎತ್ತುತ್ತಾಳೆ.

“ಇರ್ಲಿ” ಎನ್ನುತ್ತಾಳೆ. “ಹಿಡಿ.”